ಅಂಚೆ ಕಚೇರಿಯ ಗೋಡೆ ಏರಿದ ಚಿತ್ರಕಲೆ

ನ್ಯೂಯಾರ್ಕಿನ ಮಾಡರ್ನ್ ಆರ್ಟ್ ಮ್ಯೂಸಿಯಂ ಬಾಗಿಲು ತೆರೆದದ್ದು 1929ರ ನವೆಂಬರಿನಲ್ಲಿ. ಷೇರುಪೇಟೆ ಕುಸಿದು ಆಗಿನ್ನೂ ಕೆಲವೇ ದಿನಗಳಾಗಿದ್ದವು. ಮೊದಲ ಪ್ರದರ್ಶನದಲ್ಲಿದ್ದವರು ಸೆಜಾನ್, ಗೋಗ್ಯಾನ್, ಸರಾ, ವ್ಯಾನ್‌ಗೋ. ನಾಲ್ವರೂ ಯುರೋಪಿನವರು. ಅಮೆರಿಕದ ಸಿರಿವಂತರಿಗೆ ಅಲ್ಲಿಯವರೆಗೆ ಕಲೆಯೆಂದರೆ ಹೆಚ್ಚಾಗಿ ಹಡಗಿನಲ್ಲಿ ಬರುವ ವಸ್ತುವೇ ಆಗಿತ್ತು. ಸಣ್ಣ ಊರಿನ ರೈತನಿಗೋ ಗಿರಣಿಯ ಕೆಲಸಗಾರನಿಗೋ ಅಸಲಿ ಚಿತ್ರವೊಂದನ್ನು ಎದುರಿಗೆ ನಿಂತು ನೋಡುವ ಅವಕಾಶವೇ ವಿರಳವಾಗಿತ್ತು. ಅದನ್ನು ಬದಲಿಸಿದ್ದು ಮಹಾ ಆರ್ಥಿಕ ಕುಸಿತ ಎಂಬುದು ಅಮೆರಿಕದ ಕಲಾ ಚರಿತ್ರೆಯ ದೊಡ್ಡ ಸೋಜಿಗ.

1933ರ ಹೊತ್ತಿಗೆ ಅಲ್ಲಿ ದುಡಿಯುವ ನಾಲ್ವರಲ್ಲಿ ಒಬ್ಬರಿಗೆ ಕೆಲಸವಿರಲಿಲ್ಲ. ಅನ್ನಕ್ಕೇ ತತ್ವಾರವಾದ ಕಾಲದಲ್ಲಿ ಚಿತ್ರ ಕೊಳ್ಳುವವರು ಯಾರು? ಆ ವರ್ಷದ ಮೇ ತಿಂಗಳಲ್ಲಿ ಜಾರ್ಜ್ ಬಿಡ್ಲ್ ಎಂಬ ಕಲಾವಿದರು ತಮ್ಮ ಹಳೆಯ ಶಾಲೆಯ ಒಡನಾಡಿಗೆ ಒಂದು ಕಾಗದ ಬರೆದರು. ಆ ಒಡನಾಡಿ ಆಗ ದೇಶದ ಅಧ್ಯಕ್ಷರಾಗಿದ್ದ ಫ್ರಾಂಕ್ಲಿನ್ ರೂಸ್‌ವೆಲ್ಟ್. ಮೆಕ್ಸಿಕೋ ಸರ್ಕಾರ ಕಲಾವಿದರಿಗೆ ಕೂಲಿ ಕೊಟ್ಟು, ಕ್ರಾಂತಿಯ ಆಶಯಗಳನ್ನು ಸರ್ಕಾರಿ ಕಟ್ಟಡಗಳ ಗೋಡೆಗಳ ಮೇಲೆ ಬರೆಸಿದೆ, ನಮ್ಮಲ್ಲೂ ಇದು ಆಗಲಿ ಎಂಬುದು ಆ ಕಾಗದದ ತಿರುಳು.

ಡಿಸೆಂಬರಿನಲ್ಲೇ ಕಲಾವಿದರಿಗೆ ಕೂಲಿ ಕೊಡುವ ಮೊದಲ ಸರ್ಕಾರಿ ಯೋಜನೆ ಶುರುವಾಯಿತು. ಮಾರನೆಯ ವರ್ಷ ಖಜಾನೆ ಇಲಾಖೆ ಇನ್ನೊಂದನ್ನು ತೆರೆಯಿತು. ಹೊಸದಾಗಿ ಕಟ್ಟುವ ಅಂಚೆ ಕಚೇರಿಗಳ ವೆಚ್ಚದಲ್ಲಿ ಸುಮಾರು ಶೇಕಡ 1ರಷ್ಟನ್ನು ಕಲೆಗೆ ಮೀಸಲಿಡುವುದು ಅದರ ಕ್ರಮ. ಎಷ್ಟೋ ಕಡೆ ಹೆಸರು ಮರೆಮಾಡಿದ ಸ್ಪರ್ಧೆ ನಡೆಸಿ ಕಲಾವಿದರನ್ನು ಆರಿಸುತ್ತಿದ್ದರು. ನೆಬ್ರಾಸ್ಕಾದ ಆಬರ್ನ್ ಎಂಬ ಪುಟ್ಟ ಊರಿನ ಅಂಚೆ ಕಚೇರಿಗೆ ಎಥೆಲ್ ಮಗಾಫನ್ ಎಂಬ ಯುವತಿ ಗೋಧಿ ಒಕ್ಕಣೆಯ ಚಿತ್ರ ಬರೆದುಕೊಟ್ಟರು. ಇಂಥ ಚಿತ್ರಗಳು ಸಾವಿರಕ್ಕೂ ಹೆಚ್ಚು ಊರುಗಳನ್ನು ತಲುಪಿದವು. ಸ್ಟಾಂಪು ಕೊಳ್ಳಲು ಸಾಲಿನಲ್ಲಿ ನಿಂತವರು ತಮ್ಮದೇ ದುಡಿಮೆಯನ್ನು ಗೋಡೆಯ ಮೇಲೆ ಕಂಡರು.

1935ರಲ್ಲಿ ಬಂದ ಫೆಡರಲ್ ಆರ್ಟ್ ಪ್ರಾಜೆಕ್ಟ್ ಎಲ್ಲಕ್ಕಿಂತ ದೊಡ್ಡದು. ಅದರ ಮುಖ್ಯಸ್ಥ ಹೋಲ್ಗರ್ ಕೇಹಿಲ್ ಐಸ್‌ಲ್ಯಾಂಡ್ ಮೂಲದವರು. ನ್ಯೂಯಾರ್ಕಿನ ಕಲಾವಿದರಿಗೆ ವಾರಕ್ಕೆ ಸುಮಾರು 24 ಡಾಲರ್ ಸಂಬಳ. ಜಾಕ್ಸನ್ ಪೊಲಾಕ್, ಲೀ ಕ್ರಾಸ್ನರ್, ಮಾರ್ಕ್ ರಾಥ್ಕೋ, ಮುಂದೆ ಜಗತ್ತೇ ಕೊಂಡಾಡಿದ ಇವರೆಲ್ಲ ಆ ಸಂಬಳದಲ್ಲಿ ಬದುಕಿದವರು. 1943ರಲ್ಲಿ ಯೋಜನೆ ಮುಗಿಯುವ ಹೊತ್ತಿಗೆ ಒಂದು ಲಕ್ಷಕ್ಕೂ ಹೆಚ್ಚು ವರ್ಣಚಿತ್ರಗಳು, ಎರಡೂವರೆ ಸಾವಿರ ಭಿತ್ತಿಚಿತ್ರಗಳು ಆಗಿದ್ದವು. ಎಲ್ಲವೂ ಶ್ರೇಷ್ಠವಲ್ಲ, ಸಾಧಾರಣವಾದವೇ ಬಹಳ. ಆದರೆ ಚಿತ್ರ ಬರೆಯುವುದೂ ಒಂದು ದುಡಿಮೆ, ಅದಕ್ಕೂ ಕೂಲಿ ಸಲ್ಲಬೇಕು ಎಂದು ಒಂದು ಸರ್ಕಾರ ಒಪ್ಪಿಕೊಂಡಿತ್ತು. ಅದು ಸಣ್ಣ ಮಾತಲ್ಲ.

ನ್ಯೂಯಾರ್ಕಿನ ಕಪ್ಪು ಜನರ ಬಡಾವಣೆಯಾದ ಹಾರ್ಲೆಮ್‌ನಲ್ಲಿ ಇದರ ಫಲ ಎದ್ದು ಕಂಡಿತು. ಶಿಲ್ಪಿ ಆಗಸ್ಟಾ ಸ್ಯಾವೇಜ್ ಅವರ ಮುಂದಾಳತ್ವದಲ್ಲಿ 1937ರಲ್ಲಿ ಅಲ್ಲೊಂದು ಸಾರ್ವಜನಿಕ ಕಲಾಕೇಂದ್ರ ತೆರೆಯಿತು. ಹಾರ್ಲೆಮ್‌ನ ಇಂಥ ಶಾಲೆಗಳಲ್ಲೇ ಕಲಿತ ಜೇಕಬ್ ಲಾರೆನ್ಸ್ ಎಂಬ ಹುಡುಗನಿಗೆ ಸ್ಯಾವೇಜ್ ಬೆನ್ನುಹತ್ತಿ ಯೋಜನೆಯಲ್ಲಿ ಕೆಲಸ ಕೊಡಿಸಿದರು. ದಕ್ಷಿಣದ ಹತ್ತಿ ಹೊಲಗಳನ್ನು ಬಿಟ್ಟು ಉತ್ತರದ ನಗರಗಳಿಗೆ ಗುಳೆ ಹೋದ ಕಪ್ಪು ಜನರ ಕಥೆಯನ್ನು ಲಾರೆನ್ಸ್ 1941ರ ಹೊತ್ತಿಗೆ 60 ಚಿತ್ರಗಳಲ್ಲಿ ಹೇಳಿ ಮುಗಿಸಿದರು. ಆಗ ಅವರಿಗೆ ಇಪ್ಪತ್ಮೂರು ವರ್ಷ. ಯುರೋಪಿನ ಚಿತ್ರಗಳಿಂದ ಶುರುವಾಗಿದ್ದ ಆ ಮಾಡರ್ನ್ ಆರ್ಟ್ ಮ್ಯೂಸಿಯಂ ಅವುಗಳಲ್ಲಿ 30 ಚಿತ್ರಗಳನ್ನು ತನ್ನ ಸಂಗ್ರಹಕ್ಕೆ ಸೇರಿಸಿಕೊಂಡಿತು. ಉಳಿದ 30 ವಾಷಿಂಗ್ಟನ್‌ನ ಫಿಲಿಪ್ಸ್ ಸಂಗ್ರಹಕ್ಕೆ ಹೋದವು.

ಗೋಡೆ ಎಲ್ಲರದೂ ಆದಮೇಲೆ ಜಗಳವೂ ಬರಲೇಬೇಕಲ್ಲ. 1934ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೋದ ಕೋಯ್ಟ್ ಗೋಪುರದ ಒಂದು ಭಿತ್ತಿಚಿತ್ರದಲ್ಲಿ ಓದುಗನೊಬ್ಬ ಮಾರ್ಕ್ಸ್‌ನ ಪುಸ್ತಕಕ್ಕೆ ಕೈ ಚಾಚಿದ್ದ. ಅದೇ ಹೊತ್ತಿಗೆ ಊರಿನ ಬಂದರಿನಲ್ಲಿ ಕಾರ್ಮಿಕರ ಮುಷ್ಕರ ನಡೆದಿತ್ತು. ಈ ಎರಡರ ಅಂಜಿಕೆಯಿಂದ ಗೋಪುರ ತೆರೆಯುವುದನ್ನೇ ತಿಂಗಳುಗಟ್ಟಲೆ ಮುಂದೂಡಿದರು. ಒಬ್ಬ ಕಲಾವಿದ ಬರೆದಿದ್ದ ಸುತ್ತಿಗೆ-ಕುಡುಗೋಲನ್ನು ಅಳಿಸಿಯೂ ಹಾಕಿದರು. 1936ರಲ್ಲಿ ಹಾರ್ಲೆಮ್ ಆಸ್ಪತ್ರೆಯ ಮೇಲಧಿಕಾರಿ, ಭಿತ್ತಿಚಿತ್ರದ ನಕ್ಷೆಗಳಲ್ಲಿ ಕಪ್ಪು ಜನರೇ ಹೆಚ್ಚಾಗಿದ್ದಾರೆ ಎಂದು ತಕರಾರು ತೆಗೆದರು. ಚಾರ್ಲ್ಸ್ ಆಲ್ಸ್ಟನ್ ಮತ್ತು ಸಂಗಡಿಗರು ಪ್ರತಿಭಟಿಸಿ ಗೆದ್ದರು. ಜೀರ್ಣೋದ್ಧಾರಗೊಂಡ ಆ ಚಿತ್ರಗಳನ್ನು ಇಂದು ಅದೇ ಆಸ್ಪತ್ರೆಯಲ್ಲಿ ನೋಡಬಹುದು.

ಎಲ್ಲ ಕೃತಿಗಳಿಗೂ ಆ ಭಾಗ್ಯವಿರಲಿಲ್ಲ. ನ್ಯೂಆರ್ಕ್ ವಿಮಾನ ನಿಲ್ದಾಣಕ್ಕೆ ಆರ್ಷಿಲ್ ಗೋರ್ಕಿ ಬರೆದ ಹತ್ತು ಚಿತ್ರಫಲಕಗಳ ಮೇಲೆ ಮುಂದೆ ಸುಣ್ಣಬಣ್ಣ ಬಳಿದುಬಿಟ್ಟರು. 1970ರ ದಶಕದಲ್ಲಿ ಬಣ್ಣದ ಪದರಗಳಡಿಯಿಂದ ಎರಡು ಮಾತ್ರ ಸಿಕ್ಕವು. ಯುದ್ಧಕಾಲದಲ್ಲಿ ಯೋಜನೆಯ ರಾಶಿ ರಾಶಿ ಕ್ಯಾನ್‌ವಾಸುಗಳು ನ್ಯೂಯಾರ್ಕಿನಲ್ಲಿ ಗುಜರಿಗೆ ತೂಕದ ಲೆಕ್ಕದಲ್ಲಿ ಹೋದವು. ವರ್ಷಗಟ್ಟಲೆ ಸಂಬಳ ಕೊಟ್ಟು ಬರೆಸಿದ್ದನ್ನು ಹಾಗೆ ಕಳೆದುಕೊಂಡದ್ದು ನೋವಿನ ಸಂಗತಿ.

ಆಮೇಲೆ 1965ರಲ್ಲಿ ಕಲೆಗೆಂದೇ ರಾಷ್ಟ್ರೀಯ ನಿಧಿ ಬಂತು. ವಿಯೆಟ್ನಾಂ ಯುದ್ಧದಲ್ಲಿ ಮಡಿದವರ ಸ್ಮಾರಕಕ್ಕೆ ಮತ್ತೆ ಹೆಸರು ಮರೆಮಾಡಿದ ಸ್ಪರ್ಧೆಯೇ ನಡೆಯಿತು. 1,421 ನಕ್ಷೆಗಳ ನಡುವೆ ಗೆದ್ದವರು 21 ವರ್ಷದ ವಿದ್ಯಾರ್ಥಿನಿ ಮಾಯಾ ಲಿನ್. ಅವರ ಕಪ್ಪು ಕಲ್ಲಿನ ಗೋಡೆಯನ್ನು ಅವಮಾನವೆಂದು ಹಳಿದವರಿದ್ದರು. 1982ರಲ್ಲಿ ಅದು ನಿಂತಮೇಲೆ, ಅದರಲ್ಲಿ ಕೆತ್ತಿದ ಬಂಧುಗಳ ಹೆಸರು ಹುಡುಕಿ ಬೆರಳಾಡಿಸುವವರು ಅಲ್ಲಿಗೆ ಬರುತ್ತಲೇ ಇದ್ದಾರೆ.

ಹಳೆಯ ಜಗಳಗಳೂ ಆರಿಲ್ಲ. ಸ್ಯಾನ್‌ಫ್ರಾನ್ಸಿಸ್ಕೋದ ಜಾರ್ಜ್ ವಾಷಿಂಗ್ಟನ್ ಹೈಸ್ಕೂಲಿನಲ್ಲಿ ವಿಕ್ಟರ್ ಆರ್ನಾಟಾಫ್ 1936ರಲ್ಲಿ ಅಮೆರಿಕದ ಮೊದಲ ಅಧ್ಯಕ್ಷ ವಾಷಿಂಗ್ಟನ್ನರ ಬದುಕನ್ನು ಗೋಡೆಗಳ ಮೇಲೆ ಬರೆದರು. ಅದರಲ್ಲಿ ಅವರ ಗುಲಾಮರೂ ಇದ್ದಾರೆ, ನೆಲಕ್ಕೊರಗಿದ ಮೂಲನಿವಾಸಿಯ ಶವವೂ ಇದೆ. ರಾಷ್ಟ್ರಪಿತನ ಕಥೆಯಲ್ಲಿ ಮರೆಮಾಚಿದ್ದನ್ನು ಕಾಣಿಸುವುದೇ ಕಲಾವಿದರ ಉದ್ದೇಶ. ಆದರೆ ದಿನವೂ ಆ ಶವದ ಎದುರು ಹಾದುಹೋಗುವ ಮೂಲನಿವಾಸಿ ಮಕ್ಕಳಿಗೆ ಅದು ಗಾಯ ಕೆದಕುವ ನೋಟ ಎಂದು ಪೋಷಕರು ಹೇಳಿದರು. ಎರಡು ಮಾತಿನಲ್ಲೂ ನ್ಯಾಯವಿದೆ. 2019ರಲ್ಲಿ ಶಾಲಾ ಮಂಡಳಿ ಮೊದಲು ಬಣ್ಣ ಬಳಿಯಲು ತೀರ್ಮಾನಿಸಿತು, ಆಮೇಲೆ ಮುಚ್ಚಿದರೆ ಸಾಕೆಂದಿತು. ವಿಷಯ ನ್ಯಾಯಾಲಯಕ್ಕೂ ಹೋಯಿತು. 2022ರಲ್ಲಿ ಮಂಡಳಿ ತನ್ನ ತೀರ್ಮಾನವನ್ನು ಹಿಂತೆಗೆದುಕೊಂಡು, ಚಿತ್ರಗಳನ್ನು ಹಾಗೆಯೇ ಬಿಟ್ಟಿತು.