ಎಣಿಸುವ ಅಂಕೆ, ಅಳೆಯುವ ಅಂಕೆ
(ಮೆಲ್ಕಾರಿನಲ್ಲಿ ಸೇರಿದ್ದ ರೈತರಿಗೆ ಗ್ರಾಮಸೇವಕರು ಮಾಡಿದ ಭಾಷಣ)



ಗೊಬ್ಬರ, ಔಷಧಗಳ ವಿಷಯ ನಾವು ಮೇಲಿಂದ ಮೇಲೆ ಮಾತನಾಡುತ್ತೇವೆ. ಅವನ್ನು ಅಳೆಯುವ ಅಂಕೆಗಳ ವಿಷಯ ಮಾತ್ರ ಶಾಲೆಯಲ್ಲೇ ಉಳಿದುಹೋಗಿದೆ. ಇಂದು ಅದನ್ನು ತೋಟಕ್ಕೆ ತರೋಣ.

ಒಂದು ಎಕರೆ ಎಂದರೆ 43,560 ಚದರ ಅಡಿ. ಒಂಬತ್ತು ಅಡಿ ಅಂತರದಲ್ಲಿ ಅಡಿಕೆ ನೆಟ್ಟರೆ ಗಿಡವೊಂದಕ್ಕೆ 81 ಚದರ ಅಡಿ ಬೇಕು. ಭಾಗಿಸಿದರೆ 537.78 ಬರುತ್ತದೆ. ಮುಕ್ಕಾಲು ಗಿಡವನ್ನು ಯಾರೂ ನೆಡಲಾರರು. ಗಿಡ, ದನ, ಆಳು, ಚೀಲ ಇವು ಎಣಿಸುವ ವಸ್ತುಗಳು. ಇವಕ್ಕೆ ಪೂರ್ಣ ಸಂಖ್ಯೆಯೇ ಸರಿ. 538 ಎಂದಿಟ್ಟುಕೊಳ್ಳಿ. (ಕಣಿಗೂ ಬೇಲಿಯ ಬದಿಗೂ ಜಾಗ ಬಿಟ್ಟರೆ ಇನ್ನಷ್ಟು ಕಡಿಮೆಯಾಗುತ್ತದೆ, ಅದು ಬೇರೆ ಮಾತು.)

ಗೊಬ್ಬರ ಹಾಗಲ್ಲ, ಅದು ಅಳೆಯುವ ವಸ್ತು. ಫಲ ಕೊಡುವ ಅಡಿಕೆ ಮರಕ್ಕೆ ವರ್ಷಕ್ಕೆ 100 ಗ್ರಾಂ ಸಾರಜನಕ ಬೇಕೆಂದು ಶಿಫಾರಸು ಇದೆ. ಯೂರಿಯಾದಲ್ಲಿ ಸಾರಜನಕ ನೂರಕ್ಕೆ 46 ಪಾಲು. ಆದುದರಿಂದ ಮರಕ್ಕೆ 217 ಗ್ರಾಂ ಯೂರಿಯಾ. "ಇರಲಿ, ಕಾಲು ಕಿಲೋ" ಎಂದರೆ 538 ಮರಗಳಿಗೆ ಸುಮಾರು 18 ಕಿಲೋ ದಂಡ. ಅದೇ ಅಂಗಡಿಗೆ ಹೋದಾಗ ಪುನಃ ಎಣಿಕೆ: ಬೇಕಾದದ್ದು 117 ಕಿಲೋ, ಚೀಲ 45 ಕಿಲೋದ್ದು, ಲೆಕ್ಕ 2.6 ಚೀಲ. ಮೂರು ಚೀಲ ತರಬೇಕು. ಲೆಕ್ಕ 2.1 ಬಂದಿದ್ದರೂ ಮೂರೇ.

ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣಕ್ಕೆ 100 ಲೀಟರ್ ನೀರಿಗೆ 1 ಕಿಲೋ ಮೈಲುತುತ್ತು, 1 ಕಿಲೋ ಸುಣ್ಣ. 60 ಲೀಟರ್ ಮಾಡುವುದಾದರೆ ಎರಡೂ 600 ಗ್ರಾಂ. ತೂಕ ಮಾಡಲು ಬೇಸರಪಟ್ಟು ಅರ್ಧ ಕಿಲೋ ಹಾಕಿದರೆ ಶೇಕಡಾ ಒಂದರ ದ್ರಾವಣ ಆಗುವುದಿಲ್ಲ. ಆಟಿಯ ಮಳೆಗೆ ಕಾಯಿ ಉದುರಿದಾಗ ದೂರು ಔಷಧದ ಮೇಲೆ!

ಗುಂಡಿಯ ಗುರುತು ಹಾಕುವಾಗ ಚೌಕ ನೆಟ್ಟಗಿದೆಯೇ ಎಂದು ಮೂಲೆಯಿಂದ ಮೂಲೆಗೆ ಹಗ್ಗ ಹಿಡಿಯುತ್ತೇವಷ್ಟೆ. ಒಂಬತ್ತಡಿಯ ಚೌಕಕ್ಕೆ ಆ ಉದ್ದ 12.7279 ಎಂದು ಮೊದಲಾಗಿ ಮುಗಿಯದೆ ಸಾಗುತ್ತದೆ. ಯಾವ ಭಿನ್ನರಾಶಿಯಲ್ಲೂ ಪೂರ್ತಿ ಸಿಗದು. ಗಣಿತದವರು ಅದನ್ನು ಅಭಾಗಲಬ್ಧ ಸಂಖ್ಯೆ ಎನ್ನುತ್ತಾರೆ. ನಮ್ಮ ಗುದ್ದಲಿಗೆ 12 ಅಡಿ 8¾ ಇಂಚು ಧಾರಾಳವಾಯಿತು.

ಇನ್ನು ಜಾಗದ ವಿಷಯ. ಇಲ್ಲಿ ಸ್ವಲ್ಪ ನಿಧಾನವಾಗಿ ಕೇಳಬೇಕು. ನಮ್ಮ ಜಿಲ್ಲೆಯಲ್ಲಿ ಎಕರೆಗೆ 100 ಸೆಂಟ್ಸ್. ಘಟ್ಟದ ಮೇಲೆ ಎಕರೆಗೆ 40 ಗುಂಟೆ. ಎರಡು ಕಡೆಯೂ ಕಾಗದದಲ್ಲಿ 1.20 ಎಂದು ಚುಕ್ಕೆಯಿಟ್ಟು ಬರೆಯುವುದುಂಟು. ಇಲ್ಲಿ ಅದು ಒಂದೂ ಕಾಲಿಗಿಂತಲೂ ಕಡಿಮೆ. ಅಲ್ಲಿ ಸರಿಯಾಗಿ ಒಂದೂವರೆ ಎಕರೆ. ನಡುವಿನ ವ್ಯತ್ಯಾಸ 30 ಸೆಂಟ್ಸ್, ಅಂದರೆ ನೂರ ಅರುವತ್ತು ಅಡಿಕೆ ಗಿಡಗಳ ಜಾಗ. ಕೂಡಿಸುವಾಗಲೂ ಹೀಗೆಯೇ. ಘಟ್ಟದ ಮೇಲಿನ 1.25 ಮತ್ತು 1.25ನ್ನು ಮೊಬೈಲ್ ಫೋನಿನಲ್ಲಿ ಒತ್ತಿದರೆ 2.50 ಎನ್ನುತ್ತದೆ. ನಿಜವಾದ ಮೊತ್ತ 3 ಎಕರೆ 10 ಗುಂಟೆ. ಯಂತ್ರದ ತಪ್ಪಲ್ಲ, ಆ ಚುಕ್ಕೆ ದಶಾಂಶದ ಚುಕ್ಕೆಯೇ ಅಲ್ಲ, ಎರಡು ಅಳತೆಗಳ ನಡುವಿನ ಬೇಲಿ.

ಆದುದರಿಂದ ಆ ಕಡೆ ಜಾಗ ಕೊಳ್ಳುವವರು ಕರಾರು ಪತ್ರದಲ್ಲಿ ಅಂಕೆಯ ಜೊತೆಗೆ "ಇಷ್ಟು ಎಕರೆ, ಇಷ್ಟು ಗುಂಟೆ" ಎಂದು ಅಕ್ಷರದಲ್ಲಿಯೂ ಬರೆಸಿ, ಮುಂಗಡ ಕೊಡುವ ಮೊದಲು ಓದಿಸಿ ಕೇಳಿಕೊಳ್ಳಿ.