ಪತ್ರಿಕಾಕರ್ತ ಮೇಘನಾದ ಸಾಹಾ



ಮೇಘನಾದ ಸಾಹಾ ಎಂದೊಡನೆ ವಿಜ್ಞಾನವನ್ನು ಬಲ್ಲವರಿಗೆ 1920ರಲ್ಲಿ ಅವರು ಪ್ರಕಟಿಸಿದ ಸಮೀಕರಣವು ನೆನಪಾಗುವುದು. ನಕ್ಷತ್ರದ ಬೆಳಕಿನಲ್ಲಿ ಕಾಣುವ ರೇಖೆಗಳಿಂದ ಅದರ ಉಷ್ಣತೆಯನ್ನು ತಿಳಿಯುವುದಕ್ಕೆ ಅದು ದಾರಿಮಾಡಿಕೊಟ್ಟಿತು. ನಾನಾದರೋ ವೃತ್ತಿಯಿಂದ ವಕೀಲನು; ನಕ್ಷತ್ರಗಳ ವಿಷಯದಲ್ಲಿ ಮಾತನಾಡುವ ಅಧಿಕಾರ ನನಗಿಲ್ಲ. ಆದರೆ ಪ್ರಶ್ನೆ ಕೇಳುವ ಕಲೆಯ ಪರಿಚಯ ಅಷ್ಟಿಷ್ಟು ಉಂಟು. ಆದುದರಿಂದ ಲೇಖನಿ ಹಿಡಿದು ರಾಷ್ಟ್ರವನ್ನೇ ಪ್ರಶ್ನಿಸಿದ ಸಾಹಾ ಅವರನ್ನು ಕುರಿತು ಇಂದು ನಾಲ್ಕು ಮಾತು ಅರಿಕೆ ಮಾಡಿಕೊಳ್ಳುವೆನು.

ಅವರು ಹುಟ್ಟಿದ್ದು 1893ರಲ್ಲಿ, ಢಾಕಾ ಪ್ರಾಂತದ ಶಿಯೋರಾತಲಿ ಎಂಬ ಹಳ್ಳಿಯಲ್ಲಿ. ತಂದೆ ಸಣ್ಣ ಅಂಗಡಿಕಾರರು. ಓದಿಸುವ ಶಕ್ತಿ ಮನೆಗೆ ಇರಲಿಲ್ಲ. ವೈದ್ಯರೊಬ್ಬರು ಅನ್ನವಸತಿ ಕೊಟ್ಟು ಹುಡುಗನನ್ನು ಓದಿಸಿದರು. ಬಂಗಾಳದ ವಿಭಜನೆಯ ಕಾಲದಲ್ಲಿ ಗವರ್ನರನ ಭೇಟಿಯನ್ನು ಬಹಿಷ್ಕರಿಸಿದ ವಿದ್ಯಾರ್ಥಿಗಳಲ್ಲಿ ಈತನೂ ಒಬ್ಬನಾದುದರಿಂದ ಶಾಲೆಯಿಂದ ಹೊರಬೀಳಬೇಕಾಯಿತು. ಮುಂದೆ 1922ರಲ್ಲಿ ಉತ್ತರ ಬಂಗಾಳವನ್ನು ಮಹಾಪ್ರವಾಹವು ಮುಳುಗಿಸಿದಾಗ, ಆಚಾರ್ಯ ಪ್ರಫುಲ್ಲಚಂದ್ರ ರಾಯರ ಪರಿಹಾರ ಕಾರ್ಯದಲ್ಲಿ ಅವರು ದುಡಿದರು. ಆ ನೆರೆಯನ್ನು ಕುರಿತು ‘ಮಾಡರ್ನ್ ರಿವ್ಯೂ’ ಪತ್ರಿಕೆಯಲ್ಲಿ ಬರೆದರು. ಅನ್ನ, ಬಟ್ಟೆ ಹಂಚುವುದು ಪುಣ್ಯಕಾರ್ಯವೇ ಸರಿ. ಆದರೆ ವರುಷ ವರುಷವೂ ನೀರು ಏಕೆ ಹೀಗೆ ಏರುತ್ತದೆಂದು ಕೇಳಬೇಡವೇ? ಅವರ ಪತ್ರಿಕಾವೃತ್ತಿಯ ಬೀಜವು ಈ ಪ್ರಶ್ನೆಯಲ್ಲಿದೆ ಎಂದು ನನ್ನ ಭಾವನೆ.

1935ರಲ್ಲಿ ಅವರು ‘ಸೈನ್ಸ್ ಅಂಡ್ ಕಲ್ಚರ್’ ಎಂಬ ಮಾಸಪತ್ರಿಕೆಯನ್ನು ಆರಂಭಿಸಿದರು. ಅದು ಕೇವಲ ಪಂಡಿತರ ಪತ್ರಿಕೆಯಾಗಲಿಲ್ಲ. ನದಿ, ವಿದ್ಯುತ್ತು, ಕಲ್ಲಿದ್ದಲು, ಕೈಗಾರಿಕೆ ಇವೆಲ್ಲವೂ ಅದರ ವಿಷಯಗಳಾದವು. ಒಂದು ದೇಶದಲ್ಲಿ ತಲೆಗೆ ಎಷ್ಟು ಶಕ್ತಿಯ ಬಳಕೆಯಾಗುತ್ತದೆ ಎಂಬುದರ ಮೇಲೆ ಅದರ ಜೀವನಮಟ್ಟವನ್ನು ಅಳೆಯಬೇಕೆಂಬುದು ಅವರ ವಾದ. ಮನುಷ್ಯನ ತೋಳು, ಎತ್ತಿನ ಹೆಗಲು ಇವೆರಡನ್ನೇ ನಂಬಿದ ದೇಶವು ಬಡತನವನ್ನು ಗೆಲ್ಲಲಾರದೆಂದು ಅವರು ಅಂಕಿಗಳನ್ನು ಮುಂದಿಟ್ಟು ಹೇಳಿದರು. ನಮ್ಮ ಸರ್ ಎಂ. ವಿಶ್ವೇಶ್ವರಯ್ಯನವರು ಹತ್ತು ವರುಷಗಳಲ್ಲಿ ರಾಷ್ಟ್ರದ ಆದಾಯವನ್ನು ಇಮ್ಮಡಿಗೊಳಿಸುವ ಯೋಜನೆಯ ಗ್ರಂಥವನ್ನು 1934ರಲ್ಲಿಯೇ ಪ್ರಕಟಿಸಿದ್ದುದನ್ನು ಇಲ್ಲಿ ಸ್ಮರಿಸಬಹುದು.

1938ರ ಆಗಸ್ಟಿನಲ್ಲಿ ಕಾಂಗ್ರೆಸ್ಸಿನ ಅಧ್ಯಕ್ಷರಾಗಿದ್ದ ಸುಭಾಷಚಂದ್ರ ಬೋಸರು ವಿಜ್ಞಾನಿಗಳ ಸಭೆಗೆ ಬಂದರು. ಸಾಹಾ ಅವರು ಹಾರ ಹಾಕಿ ಸುಮ್ಮನಾಗಲಿಲ್ಲ, ಪಾಟೀಸವಾಲಿಗೇ ನಿಂತರು. ನಾಳಿನ ಭಾರತವು ಎತ್ತಿನ ಗಾಡಿಯ ಯುಗಕ್ಕೆ ಹಿಂದಿರುಗುವುದೋ, ಅಥವಾ ಉದ್ಯಮಶೀಲ ರಾಷ್ಟ್ರವಾಗುವುದೋ ಎಂಬುದೇ ಅವರ ಪ್ರಶ್ನೆಯ ತಿರುಳು. ಕೈಗಾರಿಕೀಕರಣವು ಅನಿವಾರ್ಯವೆಂದು ಬೋಸರು ಒಪ್ಪಿದರು. ಅದೇ ವರುಷ ರಾಷ್ಟ್ರೀಯ ಯೋಜನಾ ಸಮಿತಿಯು ನೇಮಕವಾಯಿತು. ಜವಾಹರಲಾಲ ನೆಹರೂ ಅದರ ಅಧ್ಯಕ್ಷರು. ಸಾಹಾ ಒಬ್ಬ ಸದಸ್ಯರು. ಚರಕವನ್ನು ಪೂಜ್ಯಭಾವದಿಂದ ಕಾಣುವವರಿಗೆ ಅವರ ಮಾತು ಕಹಿಯಾಗಿರಬಹುದು. ಆದರೆ ಹಿರಿಯರಲ್ಲಿ ಗೌರವವಿಟ್ಟೂ ಲೆಕ್ಕ ಕೇಳಬಹುದೆಂಬುದನ್ನು ಅವರು ತೋರಿಸಿಕೊಟ್ಟರು.

1943ರಲ್ಲಿ ದಾಮೋದರ ನದಿಯು ಉಕ್ಕಿ ಕಲ್ಕತ್ತೆಯ ರೈಲುಮಾರ್ಗಗಳನ್ನು ಕತ್ತರಿಸಿತು. ಅದು ಬಂಗಾಳವು ಘೋರ ಕ್ಷಾಮದಿಂದ ತತ್ತರಿಸಿದ ವರುಷ. ವಿಚಾರಣಾ ಸಮಿತಿಯ ಸದಸ್ಯರಾಗಿ ಸಾಹಾ ದುಡಿದರು. ತಮ್ಮ ಪತ್ರಿಕೆಯಲ್ಲಿಯೂ, ಅಮೆರಿಕದ ಟೆನೆಸಿ ಕಣಿವೆಯ ಮಾದರಿಯಲ್ಲಿ ನೆರೆ, ನೀರಾವರಿ, ವಿದ್ಯುತ್ತುಗಳನ್ನು ಒಂದೇ ಯೋಜನೆಯಲ್ಲಿ ಸೇರಿಸಬೇಕೆಂದು ವಾದಿಸಿದರು. 1948ರಲ್ಲಿ ದಾಮೋದರ ಕಣಿವೆ ನಿಗಮವು ಸ್ಥಾಪಿತವಾಯಿತು. ತಿಲೈಯಾ, ಕೋನಾರ್, ಮೈಥಾನ್, ಪಂಚೇತ್ ಎಂಬ ನಾಲ್ಕು ಅಣೆಕಟ್ಟುಗಳು 1953ರಿಂದ 1959ರೊಳಗೆ ಎದ್ದವು.

ಇಲ್ಲಿ ಪ್ರತಿವಾದಿಯ ಪಕ್ಷವನ್ನೂ ಹೇಳದಿದ್ದರೆ ನಾನು ವಕೀಲಿಗೆ ಅಪಚಾರ ಮಾಡಿದಂತಾದೀತು. ಮೊದಲ ನಕ್ಷೆಯಲ್ಲಿದ್ದ ಅಣೆಕಟ್ಟುಗಳೆಲ್ಲವೂ ಆಗ ಕಟ್ಟಲ್ಪಡಲಿಲ್ಲ. ಕೆಳಬಯಲಿನ ನೆರೆಯು ಪೂರ್ಣವಾಗಿ ನಿಲ್ಲಲಿಲ್ಲ. ಜಲಾಶಯಗಳಿಗಾಗಿ ಹಳ್ಳಿಗಳು ಮುಳುಗಿದವು. ಸಂತಾಲರೇ ಮೊದಲಾದವರು ನೆಲ ಬಿಟ್ಟು ಏಳಬೇಕಾಯಿತು. ಬೆಳಕು ಒಬ್ಬರ ಮನೆಗೆ, ನೀರು ಇನ್ನೊಬ್ಬರ ಮನೆಗೆ! ಅಭಿವೃದ್ಧಿಯ ಲೆಕ್ಕದಲ್ಲಿ ಜಮೆಯ ಪಟ್ಟಿಯೊಡನೆ ಖರ್ಚಿನ ಪಟ್ಟಿಯೂ ಇರಲೇಬೇಕು. ಯೋಜನೆ ಬೇಡವೆಂದು ಇದರ ಅರ್ಥವಲ್ಲ. ಯೋಜನೆಯನ್ನು ಪ್ರಶ್ನಿಸುವ ಪತ್ರಿಕೆಯೂ ಜೊತೆಯಲ್ಲಿಯೇ ಬೇಕೆಂದು ಅರ್ಥ.

ಈ ಧರ್ಮವನ್ನು ಸಾಹಾ ಅವರು ಸ್ವರಾಜ್ಯ ಬಂದ ಮೇಲೂ ಬಿಡಲಿಲ್ಲ. 1952ರಲ್ಲಿ ಕಲ್ಕತ್ತೆಯಿಂದ ಲೋಕಸಭೆಗೆ ಆರಿಸಿ ಬಂದು, ತಾವೇ ಬಯಸಿದ್ದ ಯೋಜನೆಗಳ ಕುಂದುಗಳನ್ನು ನೆಹರೂ ಸರಕಾರದ ಎದುರಿಗೇ ಎತ್ತಿ ಆಡಿದರು. 1956ರ ಫೆಬ್ರವರಿ 16ರಂದು ದಿಲ್ಲಿಯಲ್ಲಿ ಯೋಜನಾ ಆಯೋಗದ ಕಚೇರಿಗೆ ಹೋಗುತ್ತಿದ್ದಾಗ ದಾರಿಯಲ್ಲಿ ಕುಸಿದು ತೀರಿಕೊಂಡರು. ಆ ಆಯೋಗವೂ ಈಗಿಲ್ಲ. 2015ರಲ್ಲಿ ಅದರ ಸ್ಥಾನಕ್ಕೆ ನೀತಿ ಆಯೋಗವು ಬಂದಿತು. ಸಂಸ್ಥೆಗಳು ಅಳಿಯುವವು, ಪ್ರಶ್ನೆಗಳು ಉಳಿಯುವವು.

ಉಪಾಧ್ಯಾಯ ಬಂಧುಗಳೇ, ಸಾಹಾ ಅವರ ಪತ್ರಿಕೆಯು ಇಂಗ್ಲಿಷಿನದು. ಅಂಗಡಿಕಾರನಾದ ಅವರ ತಂದೆಯಂಥವರಿಗೆ ಅದು ಎಟುಕುತ್ತಿರಲಿಲ್ಲ. ಕನ್ನಡದಲ್ಲಿ 1918ರಷ್ಟು ಹಿಂದೆಯೇ ಬೆಳ್ಳಾವೆ ವೆಂಕಟನಾರಣಪ್ಪನವರೂ ಅವರ ಮಿತ್ರರೂ ‘ವಿಜ್ಞಾನ’ವೆಂಬ ಮಾಸಪತ್ರಿಕೆಯನ್ನು ಹೊರಡಿಸಿದರು. ಅದು ಬಹುಕಾಲ ಬದುಕಲಿಲ್ಲವಾದರೂ ದಾರಿ ಯಾವುದೆಂದು ತೋರಿಸಿತು. ನಿಮ್ಮ ಊರಿಗೆ ನಾಳೆ ಒಂದು ಕಾಲುವೆಯೋ ಕಾರಖಾನೆಯೋ ಬಂದೀತು. ಅದರ ಲೆಕ್ಕವನ್ನು ಓದಿ, ತಾಳೆನೋಡಿ, ಊರಿನವರಿಗೆ ಅವರ ಮಾತಿನಲ್ಲಿ ತಿಳಿಸುವವರು ನೀವಲ್ಲದೆ ಮತ್ತೆ ಯಾರು? ಆ ಕೆಲಸಕ್ಕೆ ನಕ್ಷತ್ರಗಳ ಸಮೀಕರಣ ಬೇಕಿಲ್ಲ; ಕೂಡುವುದು, ಕಳೆಯುವುದು, ಕೇಳುವ ಧೈರ್ಯ ಇಷ್ಟಿದ್ದರೆ ಸಾಕು.