ಮಾತಾಡದ ಮಂದಿಯ ಪುಷ್ಪಕ ವಿಮಾನ



1987ರಲ್ಲಿ ತೆರೆಗೆ ಬಂದ ‘ಪುಷ್ಪಕ ವಿಮಾನ’ ನಿಮ್ಮಲ್ಲಿ ಬಹಳ ಮಂದಿಗೆ ನೆನಪಿರಬಹುದು. ಬೆಂಗಳೂರಿನಲ್ಲೇ ಚಿತ್ರೀಕರಿಸಿದ್ದು. ಸಿಂಗೀತಂ ಶ್ರೀನಿವಾಸ ರಾವ್ ಅವರ ನಿರ್ದೇಶನ, ಕಮಲ್ ಹಾಸನ್ ಮತ್ತು ಅಮಲಾ ಅವರ ಅಭಿನಯ. ಎರಡು ಗಂಟೆಯ ಆ ಚಿತ್ರದಲ್ಲಿ ಒಂದೇ ಒಂದು ಸಂಭಾಷಣೆಯಿಲ್ಲ. ಹಾಗೆಂದು ಚಿತ್ರವೇನೂ ನಿಶ್ಶಬ್ದವಲ್ಲ. ಊರಿನ ಗದ್ದಲವೆಲ್ಲ ಕಿವಿಗೆ ಬೀಳುತ್ತದೆ. ಸುಮ್ಮನಿರುವವರು ಮನುಷ್ಯರು ಮಾತ್ರ.

ಕೆಲಸವಿಲ್ಲದ ಪದವೀಧರನೊಬ್ಬ ಕುಡಿದು ಬಿದ್ದಿದ್ದ ಶ್ರೀಮಂತನನ್ನು ತನ್ನ ಕೋಣೆಯಲ್ಲಿ ಕೂಡಿಹಾಕಿ, ಅವನ ಜಾಗದಲ್ಲಿ ದೊಡ್ಡ ಹೋಟೆಲು ಸೇರುತ್ತಾನೆ. ಮೆತ್ತನೆಯ ಹಾಸಿಗೆ, ತಣ್ಣನೆಯ ಕೋಣೆ. ಆದರೂ ನಿದ್ದೆ ಹತ್ತದು. ಅವನ ವಠಾರದ ಪಕ್ಕದಲ್ಲೇ ಟಾಕೀಸು; ರಾತ್ರಿಯೆಲ್ಲ ಹೊಡೆದಾಟದ ಸದ್ದು ಕೇಳುತ್ತಲೇ ಮಲಗಿ ರೂಢಿ. ಕೊನೆಗೆ ಆ ಸದ್ದನ್ನು ಟೇಪಿನಲ್ಲಿ ಹಿಡಿದು ತಂದು, ಹೋಟೆಲಿನಲ್ಲಿ ಹಾಕಿಕೊಂಡು ನಿದ್ದೆಹೋಗುತ್ತಾನೆ. ನೋಡಿದವರು ನಗುತ್ತಾರೆ. ನನಗಂತೂ ಅಲ್ಲಿ ಕರುಳು ಚುರುಕ್ ಎನ್ನುತ್ತದೆ. ಬಡತನ ಅವನ ಕಿವಿಯೊಳಗೇ ಮನೆಮಾಡಿದೆ ಎಂಬುದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ, ಹೇಳಬೇಕಾಗಿಯೂ ಇಲ್ಲ.

ಅದೇ ಹೋಟೆಲಿನಲ್ಲಿ ಜಾದೂಗಾರನ ಮಗಳೂ ಇದ್ದಾಳೆ. ಇವರಿಬ್ಬರ ಒಲವು ಬೆಳೆಯುವುದು ಕಣ್ಣಿನಲ್ಲಿ, ಕೈಸನ್ನೆಯಲ್ಲಿ. ಒಬ್ಬರ ಮುಖ ಒಬ್ಬರಿಗೆ ಕಾಣುತ್ತಿರುವಷ್ಟು ಕಾಲ ಯಾವುದಕ್ಕೂ ಕೊರತೆಯಿಲ್ಲ. ನಿಜ ತಿಳಿದ ಮೇಲೂ ಹುಡುಗಿಗೆ ಅವನ ಮೇಲೆ ಮುನಿಸಿಲ್ಲ. ಊರು ಬಿಡುವಾಗ ಗುಲಾಬಿಯ ಜೊತೆ ವಿಳಾಸದ ಚೀಟಿಯನ್ನೂ ಅವನತ್ತ ಎಸೆಯುತ್ತಾಳೆ. ಹೂವು ಅವನ ಕೈಗೆ ಸಿಗುತ್ತದೆ, ಚೀಟಿ ಗಾಳಿಗೆ ಹಾರಿ ಚರಂಡಿಯ ಪಾಲಾಗುತ್ತದೆ.

ಚಿತ್ರ ಮುಗಿದ ಮೇಲೂ ನನ್ನನ್ನು ಕಾಡುವುದು ಆ ಹುಡುಗಿ. ಚೀಟಿ ಅವನಿಗೆ ಸಿಕ್ಕಿದೆ ಎಂದೇ ಅವಳು ನಂಬಿರುತ್ತಾಳಲ್ಲವೇ? ಟಪಾಲಿನವನು ಬಂದಾಗಲೆಲ್ಲ ಬಾಗಿಲಿಗೆ ಬಂದು ನೋಡುತ್ತಾಳೆ. ಪತ್ರ ಬರುವುದಿಲ್ಲ. ಇಷ್ಟು ದಿನ ಅವನು ಸುಮ್ಮನಿದ್ದುದೆಲ್ಲ ಅವಳಿಗೆ ಪ್ರೀತಿಯಾಗಿ ಕಂಡಿತ್ತು. ಎದುರಿಗೆ ಅವನ ಕಣ್ಣುಗಳಿದ್ದವು. ಈಗಲೂ ಅವನು ಸುಮ್ಮನೇ ಇದ್ದಾನೆ. ಬೇಡವಾದೆನೇನೋ ಎಂದುಕೊಳ್ಳದೆ ಅವಳು ಇನ್ನೇನು ಮಾಡಿಯಾಳು?

ನಮ್ಮಲ್ಲೂ ಎಷ್ಟೋ ಮನೆಗಳಲ್ಲಿ ಮಗ ದೂರದ ಊರಿನಲ್ಲಿರುತ್ತಾನೆ. ಅಪ್ಪ ಫೋನಿನಲ್ಲಿ ‘ಹೂಂ’ ಎಂದು ಸುಮ್ಮನಾಗುತ್ತಾರೆ. ಊಟದ ಹೊತ್ತಿಗೆ ಎದುರು ಕೂತಿದ್ದಾಗ ಮಗನಿಗೆ ಆ ‘ಹೂಂ’ನ ಅರ್ಥ ತಿಳಿಯುತ್ತಿತ್ತು. ಫೋನಿಟ್ಟ ಮೇಲೆ, ಅಪ್ಪನಿಗೆ ಕೋಪವೋ ಆಯಾಸವೋ ಎಂದು ಅವನು ಅಮ್ಮನಿಗೆ ಮತ್ತೊಮ್ಮೆ ಕರೆಮಾಡಿ ಕೇಳುತ್ತಾನೆ.